ಕುಳ್ಳಾಗುತ್ತಿರುವ ಪೆಟ್ಟಿಗೆ ಮತ್ತಿತರ ಟಿಪ್ಪಣಿಗಳು

ಬಸವನಗುಡಿಯ ಅಡ್ಡರಸ್ತೆಯೊಂದರ ಅಂಚೆಪೆಟ್ಟಿಗೆ ವರ್ಷದಿಂದ ವರ್ಷಕ್ಕೆ ಕುಳ್ಳಾಗುತ್ತಿದೆ. ಅದು ಕುಸಿದಿಲ್ಲ, ಡಾಂಬರಿನ ಮೇಲೆ ಡಾಂಬರು, ಅದರ ಮೇಲೆ ಕಾಂಕ್ರೀಟು ಬಿದ್ದು ರಸ್ತೆಯೇ ಎತ್ತರವಾಗಿದೆ. ಕಾಗದ ಹಾಕಬೇಕೆಂದರೆ ಈಗ ಬಗ್ಗಬೇಕು. ಕೆಂಪು ಬಣ್ಣ ಮಾತ್ರ ಹೊಸದು. ಬಗ್ಗುವವರು ಯಾರು?

*

ಕೇಳಿಯೇ ಬಿಟ್ಟೆ. ಪೆಟ್ಟಿಗೆ ತೆಗೆಯಲು ಬಂದವರು ಒಳಗಿನ ಬಾರ್‌ಕೋಡನ್ನು ಮೊಬೈಲಿನಲ್ಲಿ ಸ್ಕ್ಯಾನ್ ಮಾಡುತ್ತಿದ್ದರು, ತೆಗೆದದ್ದಕ್ಕೆ ಸಾಕ್ಷಿಯಾಗಿ. "ಕಾಗದ ಕಮ್ಮಿ ಸಾರ್. ಒಂದೊಂದು ಲಗ್ನಪತ್ರಿಕೆ. ಆಮೇಲೆ ಡಿಎಲ್ಲು, ಆಧಾರ್ ಕಾರ್ಡು."

ಕಾರ್ಡು ಯಾಕೆ?

"ಬಿದ್ದದ್ದು ಸಿಕ್ಕಿದವರು ಹಾಕ್ತಾರೆ. ಪರ್ಸ್ ಹೊಡೆದೋರೂ ಹಾಕ್ತಾರೆ, ದುಡ್ಡು ತಗೊಂಡು."

ಕವರಿಲ್ಲ, ಸ್ಟಾಂಪಿಲ್ಲ. ವಿಳಾಸ ಕಾರ್ಡಿನ ಮೇಲೇ ಇದೆಯಲ್ಲ! ಜೇಬುಗಳ್ಳನಿಗೂ ಅಂಚೆಯ ಮೇಲೆ ಇಷ್ಟು ಭರವಸೆ ಇರುವುದು ನನಗಂತೂ ಬಗೆಹರಿದಿಲ್ಲ.

*

ಟೆಲಿಗ್ರಾಂ 2013ರ ಜುಲೈನಲ್ಲಿ ಹೋಯಿತು. ರಿಜಿಸ್ಟರ್ಡ್ ಪೋಸ್ಟ್ 2025ರಲ್ಲಿ ಸ್ಪೀಡ್ ಪೋಸ್ಟಿನೊಳಗೆ ಸೇರಿಕೊಂಡಿತು. ಒಂದು ರೂಪಾಯಿಯ ಕಾಯಿನ್ ಬೂತು ಹೋದದ್ದು ಯಾವತ್ತು? ಯಾರೂ ತಾರೀಖು ಬರೆದಿಟ್ಟ ಹಾಗಿಲ್ಲ.

*

ಬೀರುವಿನಲ್ಲಿ ಸಿಕ್ಕ ಹಳೇ ಲಗ್ನಪತ್ರಿಕೆ. ಫೋನ್ ನಂಬರಿನ ಪಕ್ಕ "ಪಿ.ಪಿ." ಅಂದರೆ ಫೋನು ಪಕ್ಕದ ಮನೆಯವರದು. ರಿಂಗಾದರೆ ಅವರ ಹುಡುಗ ಕಾಂಪೌಂಡಿನಿಂದ ಕೂಗಬೇಕು, ಇವರು ಕೈ ಒರೆಸಿಕೊಂಡು ಓಡಬೇಕು, ಅವರ ಹಾಲಿನಲ್ಲಿ ನಿಂತು ಅವರೆಲ್ಲರ ಕಿವಿಗೆ ಬೀಳುವಂತೆ ತಮ್ಮ ಮನೆಯ ಗುಟ್ಟು ಮಾತಾಡಬೇಕು. ಇದನ್ನೆಲ್ಲ ಆತ್ಮೀಯತೆ ಎಂದು ಹಾಡಿ ಹೊಗಳುವವರನ್ನು ಕಂಡರೆ ನನಗೆ ಅನುಮಾನ. ಸಂಕೋಚವೇ ಹೆಚ್ಚಿತ್ತು, ಫೋನಿನ ಯಜಮಾನರಿಗೆ ಊಟದ ಹೊತ್ತಿನಲ್ಲಿ ಕಿರಿಕಿರಿಯೂ ಆಗುತ್ತಿದ್ದಿರಬೇಕು. ಆದರೂ ಇನ್ನೊಬ್ಬರ ಮನೆಯ ನಂಬರನ್ನು ನಮ್ಮ ಮಗಳ ಮದುವೆಯ ಕಾರ್ಡಿನಲ್ಲಿ ಅಚ್ಚು ಹಾಕಿಸುವ ಸಲಿಗೆ ಎಲ್ಲಿಂದ ಬಂತು? ಈಗ ಅಪಾರ್ಟ್‌ಮೆಂಟಿನ ವಾಟ್ಸಾಪ್ ಗುಂಪಿನಲ್ಲಿ ಎಲ್ಲರ ನಂಬರೂ ಇದೆ, ಯಾವುದು ಯಾರದೆಂದು ತಿಳಿಯದು.

*

ತಿರುವಿನಲ್ಲಿ ಜೆರಾಕ್ಸ್ ಅಂಗಡಿ. ಮೇಲೆ ಇವತ್ತಿಗೂ ಹಳದಿ ಬೋರ್ಡು: ಎಸ್‌ಟಿಡಿ, ಐಎಸ್‌ಡಿ, ಪಿಸಿಒ. ಯಜಮಾನರಿಗೆ ಒಂದು ಕಾಲು ಸ್ವಾಧೀನವಿಲ್ಲ. ಅಂಗವಿಕಲರಿಗೆ ಆದ್ಯತೆ ಕೊಟ್ಟು ಹಂಚಿದ ಬೂತುಗಳಲ್ಲಿ ಇದೂ ಒಂದು. ರಾತ್ರಿ ಹನ್ನೊಂದರ ಮೇಲೆ ಕಾಲು ದರ ಎಂದು ಜನ ಇಲ್ಲಿ ಸಾಲು ನಿಲ್ಲುತ್ತಿದ್ದರಂತೆ.

"ಬೋರ್ಡು ತೆಗೆಯಲ್ವಾ?"

"ತೆಗೆದ್ರೆ ಆಟೋದವರಿಗೆ ಗುರುತು ಸಿಗಲ್ಲ ಸಾರ್. ಅಲ್ದೆ ಈಗ್ಲೂ ಬೋರ್ಡು ನೋಡಿ ಬರ್ತಾರೆ, ಚಾರ್ಜ್ ಹೋಗಿದೆ, ಒಂದು ಕಾಲ್ ಮಾಡ್ಬೇಕು ಅಂತ. ನನ್ನ ಮೊಬೈಲೇ ಕೊಡ್ತೀನಿ. ಹಿಡ್ಕೊಂಡು ಸುಮ್ನೆ ನಿಂತ್ಕೋತಾರೆ. ಹೆಂಡ್ತಿ ನಂಬರೂ ನೆನಪಿರಲ್ಲ."

"ಆಮೇಲೆ?"

"ಆಮೇಲೇನು, ಚಾರ್ಜಿಗೆ ಹಾಕ್ಕೊಡ್ತೀನಿ. ಅದು ಆನ್ ಆಗೋ ತನಕ ನಮ್ಮ ಹತ್ರ ಮಾತಾಡ್ತಾ ಕೂತಿರ್ತಾರೆ."