ಅಪ್ಪನ ಪಂಚೆ, ಮಗನ ಆರತಕ್ಷತೆ

ಹಳೆಯ ಬೆಂಗಳೂರು–ಮೈಸೂರು ಹೆದ್ದಾರಿಯಲ್ಲಿ ಹೊರಟವರಿಗೆ ಮದ್ದೂರಿನ ಶಿವಪುರದಲ್ಲಿ ಸತ್ಯಾಗ್ರಹ ಸೌಧ ಸಿಗುತ್ತದೆ. 1938ರ ಏಪ್ರಿಲ್‌ನಲ್ಲಿ ನಿಷೇಧ ಮುರಿದು ಧ್ವಜ ಹಾರಿಸಿದ ನೆಲವಿದು. ಖಾದಿ ಉಡುವುದೇ ಒಂದು ಪ್ರತಿಜ್ಞೆಯಾಗಿದ್ದ ಕಾಲ ಅದು.

ಇಂದು ಮದ್ದೂರು, ಮಂಡ್ಯ, ಮಳವಳ್ಳಿಯ ಹುಡುಗರು ಪಂಚೆ ಉಡುವುದು ಹೆಚ್ಚಾಗಿ ಆರತಕ್ಷತೆಯ ಸಂಜೆ, ಇಲ್ಲವೇ ಕಾಲೇಜಿನ ಎಥ್ನಿಕ್ ಡೇ ದಿನ. ಆಗ ಮನೆಯಲ್ಲಿ ಏಳುವ ಪ್ರಶ್ನೆ: ಯಾವ ಪಂಚೆ?

ಮೊದಲು ಅಳತೆ. ಒಂದು ಮೊಳವೆಂದರೆ ಸುಮಾರು ಒಂದೂವರೆ ಅಡಿ. ನಾಲ್ಕು ಮೊಳದ ಒಂಟಿ ಪಂಚೆ ಮನೆಗೆ ಸರಿ. ದೀಪದ ಬೆಳಕಿಗೆ ಮೈ ಕಾಣುತ್ತದೆ. ಸಮಾರಂಭಕ್ಕೆ ಎಂಟು ಮೊಳದ್ದನ್ನು ಮಡಿಸಿ ಉಡಬೇಕು. ಕಚ್ಚೆ ಹಾಕುವುದಾದರೆ ಒಂಬತ್ತು ಮೊಳ ಬೇಕು.

ಆಮೇಲೆ ಬಟ್ಟೆ. ಮಳವಳ್ಳಿ, ಮದ್ದೂರು ಕಡೆಯ ಹೊಲಗಳಲ್ಲಿ ಕಬ್ಬು, ಭತ್ತದ ಜೊತೆಗೆ ಹಿಪ್ಪುನೇರಳೆಯೂ ಇದೆ; ರೇಷ್ಮೆ ಇಲ್ಲಿಯವರಿಗೆ ಅಂಗಡಿಯ ಸರಕಷ್ಟೇ ಅಲ್ಲ, ಮನೆಯ ದುಡಿಮೆ. ರೇಷ್ಮೆ ಪಂಚೆ ಕೊಳ್ಳುವವರು 2004ರಲ್ಲಿ ಬಂದ ಸಿಲ್ಕ್ ಮಾರ್ಕ್ ಚೀಟಿ ನೋಡಬೇಕು. ಅಷ್ಟು ಖರ್ಚು ಬೇಡವೆನ್ನುವವರಿಗೆ ಜರಿ ಅಂಚಿನ ಹತ್ತಿ ಪಂಚೆ ಸಾಕು; ಹದವಾಗಿ ಗಂಜಿ ಹಾಕಿ ಇಸ್ತ್ರಿ ಮಾಡಿದರೆ ಅದೇ ಗತ್ತು. ಖಾದಿ ಬೇಕೆಂದರೆ ಇದೇ ಜಿಲ್ಲೆಯ ಮೇಲುಕೋಟೆಯಲ್ಲಿ, 1960ರಲ್ಲಿ ಸುರೇಂದ್ರ ಕೌಲಗಿಯವರು ಕಟ್ಟಿದ ಜನಪದ ಸೇವಾ ಟ್ರಸ್ಟ್ ನೇಯ್ಗೆಗೆ ಹೆಸರಾಗಿದೆ.

ಇನ್ನು ಸೊಂಟ. ಉಡುದಾರವೊಂದನ್ನೇ ನಂಬಿ ಕುಣಿಯಲು ಹೋಗುವುದು ಸಾಹಸ. ಮಡಿಕೆಯ ಒಳಗೆ ಅಗಲ ಬೆಲ್ಟ್ ಬಿಗಿದರೆ ನಿಶ್ಚಿಂತೆ. ಅದರ ಜೇಬಿನಲ್ಲಿ ಹಣವೂ ಭದ್ರ. ಗದ್ದೆಯ ಕೆಲಸಕ್ಕೆ ಒಪ್ಪುವ ಪಟಾಪಟಿ ಚಡ್ಡಿ ಬಿಳಿ ಪಂಚೆಯ ಒಳಗೆ ಗುಟ್ಟು ಬಿಟ್ಟುಕೊಡುತ್ತದೆ, ಬಿಳಿಯದೇ ಲೇಸು. ಶಲ್ಯದ ಅಂಚು ಪಂಚೆಯ ಅಂಚಿಗೆ ಹೊಂದಬೇಕು. ಅದನ್ನು ಉದ್ದಕ್ಕೆ ಮಡಿಸಿ ಹೆಗಲಿಗೆ ಹಾಕಿದರೆ ಮುಗಿಯಿತು. ಪೇಟ ಮದುಮಗನಿಗಿರಲಿ.

ವೆಲ್ಕ್ರೋ ಪಟ್ಟಿಯ ರೆಡಿಮೇಡ್ ಪಂಚೆಯೂ ಬಂದಿದೆ. ಅವಸರಕ್ಕೆ ಅದು ಅನುಕೂಲ, ಆದರೆ ಸೊಂಟದ ಅಳತೆ ಬದಲಾದರೆ ಕಷ್ಟ. ಹೊಲಿದ ಕೋಟು ಎರಡು ವರ್ಷಕ್ಕೆ ಬಿಗಿಯಾಗುತ್ತದೆ. ಹೊಲಿಗೆಯಿಲ್ಲದ ಪಂಚೆಗೆ ಆ ತಾಪತ್ರಯವಿಲ್ಲ. ತೆಳ್ಳಗಿನ ಮಗನಿಗೂ ಹೊಟ್ಟೆ ಬಂದ ಅಪ್ಪನಿಗೂ ಅದೇ ಆಗುತ್ತದೆ. ಹಾಗಾಗಿ ಅಂಗಡಿಗೆ ಹೋಗುವ ಮುನ್ನ ಮನೆಯ ಬೀರು ತೆರೆಯುವುದು ಒಳ್ಳೆಯದು. ಅಪ್ಪನ ಮದುವೆಯ ಪಂಚೆ ಅಲ್ಲಿದ್ದರೆ ಉಳಿದಿರುವುದು ಉಡಲು ಕಲಿಯುವುದೊಂದೇ. ಅದಕ್ಕೆ ಬಿಡುವಿನ ಒಂದು ಭಾನುವಾರ ಸಾಕು, ಕಲಿಸಲು ಅಪ್ಪನೂ ಮನೆಯಲ್ಲಿರುತ್ತಾರೆ.