ಕಾರಣ ಕೇಳದ ಟಿಕೆಟ್

ಹೆಣ್ಣುಮಕ್ಕಳು ಬದಲಾದರು ಎನ್ನುವವರು ಚೂಡಿದಾರ ತೋರಿಸುತ್ತಾರೆ, ಸ್ಕೂಟಿ ತೋರಿಸುತ್ತಾರೆ, ಮೊಬೈಲ್ ತೋರಿಸುತ್ತಾರೆ. ಅವೆಲ್ಲ ಬೇಗ ಕಣ್ಣಿಗೆ ಬೀಳುತ್ತವೆ, ಅಷ್ಟೆ. ನನ್ನ ಮಟ್ಟಿಗೆ ಕರ್ನಾಟಕದಲ್ಲಿ ಈಚೆಗೆ ಆದ ದೊಡ್ಡ ಬದಲಾವಣೆ ಇರುವುದು ಕಂಡಕ್ಟರ್ ಕೊಡುವ ಶೂನ್ಯ ಟಿಕೆಟ್ಟಿನಲ್ಲಿ. ದೆಹಲಿ 2019ರಲ್ಲಿ, ತಮಿಳುನಾಡು 2021ರಲ್ಲಿ ಹೆಂಗಸರಿಗೆ ಬಸ್ ಬಿಟ್ಟಿ ಮಾಡಿದವು. ಆದರೆ ಅವು ಮುಖ್ಯವಾಗಿ ಊರೊಳಗಿನ ಬಸ್ಸುಗಳು. 2023ರ ಜೂನ್ 11ರಂದು ಇಲ್ಲಿ ಶುರುವಾದ ಶಕ್ತಿ ಯೋಜನೆ ಎಕ್ಸ್‌ಪ್ರೆಸ್ ಬಸ್ಸನ್ನೂ ಒಳಗೊಂಡಿತು. ಉಳಿದ ದುಡ್ಡಿನ ಮಾತು ಇರಲಿ, ನಾನು ಹೇಳುವ ಬದಲಾವಣೆ ಬೇರೆ. ಗಂಡಸು ‘ಪೇಟೆಗೆ ಹೋಗಿ ಬರ್ತೀನಿ’ ಅಂದರೆ ಮುಗಿಯಿತು. ಹೆಂಗಸು ಹೊರಡಲು ಬಾಣಂತನವೋ ಸಾವೋ ಆಸ್ಪತ್ರೆಯೋ ಬೇಕಿತ್ತು. ಬಸ್ ಚಾರ್ಜಿಗೆ ಕೈಚಾಚಿದಾಗಲೇ ‘ಯಾಕೆ?’ ಎಂಬ ಪ್ರಶ್ನೆ ಏಳುತ್ತಿತ್ತು. ಈಗ ಕೈಚಾಚುವ ಆ ಗಳಿಗೆಯೇ ತಪ್ಪಿದೆ.

‘ಎಲ್ಲರೂ ಧರ್ಮಸ್ಥಳ, ಸವದತ್ತಿ ಸುತ್ತುತ್ತಿದ್ದಾರೆ, ಮನೆ ನೋಡುವವರು ಯಾರು?’ ಎಂಬ ಗೊಣಗಾಟ ಉಂಟು. ಕೇಂದ್ರ ಸರ್ಕಾರದ 2024ರ ಸಮಯ ಬಳಕೆ ಸಮೀಕ್ಷೆ ಇದಕ್ಕೆ ಉತ್ತರ ಹೇಳುತ್ತದೆ: ದೇಶದಲ್ಲಿ ಸಂಬಳವಿಲ್ಲದ ಮನೆಗೆಲಸ ಮಾಡುವವರ ಪೈಕಿ ಹೆಂಗಸರು ದಿನಕ್ಕೆ ಸರಾಸರಿ 289 ನಿಮಿಷ ದುಡಿದರೆ ಗಂಡಸರು 88. ಅದಕ್ಕೂ ಐದು ವರ್ಷ ಹಿಂದೆ ಇದು 299 ಮತ್ತು 97 ಇತ್ತು. (ಹೆಂಗಸರಿಗೆ ಹತ್ತು ನಿಮಿಷ ಉಳಿದ ಅವಧಿಯಲ್ಲಿ ಗಂಡಸರೂ ಒಂಬತ್ತು ನಿಮಿಷ ಉಳಿಸಿಕೊಂಡಿದ್ದಾರೆ!) ಇಷ್ಟು ದುಡಿದವಳು ದೇವರ ನೆಪದಲ್ಲಿ ಒಂದು ದಿನ ಕಿಟಕಿ ಪಕ್ಕ ಕೂತರೆ ಮನೆ ಮುಳುಗುವುದಿಲ್ಲ. ದೇವರು ನೆಪ ಎಂದದ್ದು ಭಕ್ತಿಯನ್ನು ಹಗುರ ಮಾಡಲಲ್ಲ. ಸಾವುನೋವಿಲ್ಲದ ದಿನ ಯಾರೂ ಬೇಡವೆನ್ನಲಾಗದ ಕಾರಣ ಅದೊಂದೇ ಇತ್ತು.

ನೂಕುನುಗ್ಗಲಿನ ದೂರು ಮಾತ್ರ ನಿಜ. ದುಡ್ಡು ಕೊಟ್ಟವರು ನಿಂತು ಹೋಗುತ್ತಾರೆ, ಸಾರಿಗೆ ನಿಗಮಗಳ ಮೇಲೂ ಹೊರೆ ಬೀಳುತ್ತದೆ. ಅದಕ್ಕೆ ಬಸ್ಸು ಹೆಚ್ಚಿಸಬೇಕು, ಸರ್ಕಾರ ಹಣವನ್ನು ಹೊತ್ತಿಗೆ ಸರಿಯಾಗಿ ಕಟ್ಟಬೇಕು. ‘ಉಳ್ಳವರ ಹೆಂಡಂದಿರಿಗೇಕೆ, ಬಿಪಿಎಲ್ ಕಾರ್ಡಿನವರಿಗಷ್ಟೇ ಸಾಕು’ ಎಂಬ ವಾದವನ್ನು ನಾನು ಒಪ್ಪಲಾರೆ. ಕಾರ್ಡು ಲೆಕ್ಕ ಹಿಡಿಯುವುದು ಇಡೀ ಮನೆಯ ಆದಾಯವನ್ನು. ಹತ್ತೆಕರೆ ಅಡಕೆ ತೋಟವಿರುವ ಮನೆಯಲ್ಲೂ ಸೊಸೆಯ ಕೈಯಲ್ಲಿ ನೂರು ರೂಪಾಯಿ ಇರದಿರಬಹುದು. ಯೋಜನೆಯ ನಿಜವಾದ ಕೊರತೆ ಬೇರೆಡೆ ಇದೆ. ದಕ್ಷಿಣ ಕನ್ನಡ, ಉಡುಪಿಯ ಎಷ್ಟೋ ರೂಟುಗಳಲ್ಲಿ ಓಡುವುದು ಯೋಜನೆಗೆ ಸೇರದ ಖಾಸಗಿ ಬಸ್ಸು. ಅಲ್ಲಿ ಬೀಡಿ ಕಟ್ಟುವ ಹೆಂಗಸು ಇವತ್ತಿಗೂ ಕಾಸು ಎಣಿಸಿಯೇ ಬಸ್ ಹತ್ತಬೇಕು.