ದೀಪ ಹಿಡಿದವಳ ಮನಸ್ಸಿನಲ್ಲಿ ಏನಿತ್ತು?

ಮೈಸೂರಿನ ಜಗನ್ಮೋಹನ ಅರಮನೆಯಲ್ಲಿರುವ ದೀಪ ಹಿಡಿದ ಮಹಿಳೆಯ ಚಿತ್ರವನ್ನು ನೋಡಲು ಗದಗ ಸೀಮೆಯ ನಾವು ಮೈಸೂರಿಗೇ ಹೋಗಬೇಕಾಗಿರಲಿಲ್ಲ. ಅದರ ಅಚ್ಚು ಪ್ರತಿ ಬೆಟಗೇರಿಯ ಅಂಗಡಿಗಳಲ್ಲಿ, ಲಕ್ಷ್ಮೇಶ್ವರದ ಪಡಸಾಲೆಗಳಲ್ಲಿ ಕ್ಯಾಲೆಂಡರಾಗಿ ತೂಗಾಡುತ್ತಿತ್ತು. ಅದು ರವಿವರ್ಮನ ಕೃತಿ ಎನ್ನುವವರು ಇಂದಿಗೂ ಇದ್ದಾರೆ. ಆದರೆ ರವಿವರ್ಮ ತೀರಿಕೊಂಡದ್ದು 1906ರಲ್ಲಿ. ಈ ಜಲವರ್ಣ ಚಿತ್ರವನ್ನು ಸಾವಂತವಾಡಿ ಮೂಲದ ಎಸ್.ಎಲ್. ಹಲ್ದಣಕರರು ಬರೆದದ್ದು 1945-46ರಲ್ಲಿ. ದೀಪ ಹಿಡಿದು ನಿಂತವರು ಅವರ ಮಗಳು ಗೀತಾ.

ಎಲ್ಲರೂ ಹೊಗಳುವುದು ಆ ಬೆಳಕನ್ನು. ಜ್ವಾಲೆಗೆ ಅಡ್ಡ ಹಿಡಿದ ಅಂಗೈ, ಕೆಂಪಗೆ ಹೊಳೆಯುವ ಬೆರಳುಗಳು, ಮುಖದ ಮೇಲಿನ ಹೊಂಬಣ್ಣ. ಹೊಗಳಲಿ, ಕಲಾವಿದ ಅದಕ್ಕೆ ಯೋಗ್ಯನೇ. ಆದರೆ ನಮ್ಮ ಮನೆಯ ಹೆಂಗಸರು ಆ ಚಿತ್ರವನ್ನು ನೋಡಿದ ರೀತಿಯೇ ಬೇರೆ. ಕಪ್ಪತಗುಡ್ಡದ ಕಡೆಯ ಗಾಳಿ ಶಿರಹಟ್ಟಿ, ಮುಂಡರಗಿಯವರಿಗೆ ಹೊಸದಲ್ಲ. ಕರೆಂಟು ಹೋದ ರಾತ್ರಿ ಅಡುಗೆಮನೆಯಿಂದ ಪಡಸಾಲೆಗೆ ಚಿಮಣಿ ತರುವಾಗ ಹೀಗೆಯೇ ಕೈ ಅಡ್ಡ ಹಿಡಿಯಬೇಕು. ಆಗ ಹಿಡಿದವಳಿಗೆ ತಾನು ಚೆಂದ ಕಾಣುತ್ತೇನೆಂಬ ಯೋಚನೆ ಇರುವುದಿಲ್ಲ. ಹೊಸ್ತಿಲು ಎಡವೀತೇ, ಸೆರಗಿಗೆ ಕಿಡಿ ತಾಗೀತೇ, ಕತ್ತಲಲ್ಲಿ ಕೂಸು ಎದ್ದು ಅತ್ತೀತೇ ಎಂಬ ಧ್ಯಾಸವೇ ಇರುತ್ತದೆ. ನಮ್ಮ ಅಜ್ಜಿ ಒಮ್ಮೆ ಕ್ಯಾಲೆಂಡರ್ ನೋಡಿ, "ಪಾಪ, ಈಕಿ ಕೈ ಸುಡಾಕತ್ತಿರಬೇಕು" ಅಂದಿದ್ದರು. ಆ ಚಿತ್ರದ ಬಗ್ಗೆ ನಾವು ಕೇಳಿದ ಅತ್ಯುತ್ತಮ ವಿಮರ್ಶೆ ಇದು.

ಗೀತಾ ದಿನಕ್ಕೆ ಮೂರು ತಾಸಿನಂತೆ ಮೂರು ದಿನ ಅಲುಗದೆ ನಿಂತಿದ್ದರಂತೆ. ಆ ಹೊತ್ತಿನಲ್ಲಿ ಅವರು ಏನನ್ನು ನೆನೆದಿರಬಹುದು? ಚಿತ್ರಕ್ಕೆ ಇಂಗ್ಲಿಷಿನಲ್ಲಿ 'ಗ್ಲೋ ಆಫ್ ಹೋಪ್' ಎಂಬ ಹೆಸರಿದೆ, ಭರವಸೆಯ ಬೆಳಕು ಎಂದು. ಯಾರ ಭರವಸೆ? ತೋಳು ಸೋತು, ಅಂಗೈ ಕಾದು, "ಅಪ್ಪಾ, ಇನ್ನು ಎಷ್ಟು ಹೊತ್ತು?" ಎಂಬ ಮಾತು ಗಂಟಲವರೆಗೆ ಬಂದು ನಿಂತಿರಬಹುದು. ಅಪ್ಪನ ಕುಂಚ ತಪ್ಪಬಾರದೆಂದು ನುಂಗಿಕೊಂಡಿರಲೂಬಹುದು. ನಾವು ಅವರ ಮುಖದಲ್ಲಿ ಶಾಂತಿ ಎಂದು ಓದುವುದು ಬಹುಶಃ ಈ ನುಂಗಿಕೊಂಡದ್ದನ್ನೇ. ಇದು ನಮ್ಮ ಊಹೆ. ಆದರೆ ಅವರು ದೇವತೆ, ಅಪ್ಸರೆ ಎನ್ನುವವರದೂ ಊಹೆಯೇ ತಾನೆ?

ಗೀತಾ 2018ರಲ್ಲಿ ಕೊಲ್ಹಾಪುರದಲ್ಲಿ, ತಮ್ಮ 102ನೇ ವಯಸ್ಸಿನಲ್ಲಿ ತೀರಿಕೊಂಡರು. ಚಿತ್ರದ ಹೆಣ್ಣಿಗೂ ಒಂದು ಹೆಸರಿತ್ತು, ಆಕೆ ಅಷ್ಟು ದಿನ ಬದುಕಿದ್ದರು ಎಂದು ನಮ್ಮ ಓಣಿಯ ಬಹಳ ಮಂದಿಗೆ ಗೊತ್ತಾದದ್ದು ಆಗಲೇ, ಪತ್ರಿಕೆಯ ಸುದ್ದಿಯಿಂದ.